ಶೂ ಹರಿದುಕೊಳ್ಳುವವರು ಶೂ ಮಾಡಲು ಹೊರಟಾಗ

ಪ್ರಶ್ನೆ: ನಾನು ಬೆಂಗಳೂರಿನಲ್ಲಿ ಡಿಸೈನ್ ಓದುತ್ತಿದ್ದೇನೆ. ಐದು ವರ್ಷದಿಂದ ಸ್ಕೇಟ್‌ಬೋರ್ಡ್ ಆಡುತ್ತೇನೆ. ಹಫ್ ಅನ್ನೋ ಬಟ್ಟೆ ಮತ್ತು ಶೂ ಬ್ರ್ಯಾಂಡ್ ಕಟ್ಟಿದ ಕೀತ್ ಹಫ್ನೆಗಲ್ ವೃತ್ತಿಪರ ಸ್ಕೇಟ್‌ಬೋರ್ಡರ್ ಆಗಿದ್ದರು ಅಂತ ಓದಿದೆ. ಇಂಥವರು ನಿಜವಾಗಿಯೂ ವಿನ್ಯಾಸ ಮಾಡ್ತಾರಾ? ಇಲ್ಲಾ ಕ್ರಿಕೆಟಿಗರು ಬ್ಯಾಟಿಗೆ ಸ್ಟಿಕರ್ ಅಂಟಿಸಿಕೊಂಡ ಹಾಗೆ ಸುಮ್ನೆ ಹೆಸರು ಕೊಡ್ತಾರಾ? ಡಿಸೈನ್ ಶಾಲೆಯ ಮೆಟ್ಟಿಲು ಹತ್ತದವರಿಗೆ ಶೂ ಮಾಡೋದು ಹೇಗೆ ಗೊತ್ತಾಗುತ್ತೆ? ಸ್ಕೇಟಿಂಗ್ ನಂಬಿಕೊಂಡು ಫುಟ್‌ವೇರ್ ಕಡೆ ಹೋಗ್ತೀನಿ ಅಂದ್ರೆ ಅಪ್ಪ ನಗ್ತಾರೆ.

ಉತ್ತರ: ಅಪ್ಪ ನಗಲಿ ಬಿಡಿ. ಅವರ ಅನುಮಾನದಲ್ಲಿ ಅರ್ಧ ನಿಜವಿದೆ. ಶೂ ಕಾರ್ಖಾನೆಗಳ ಸ್ಯಾಂಪಲ್ ರೂಮಿನಲ್ಲಿ ನಾನು ಬಹಳ ವರ್ಷ ಕಳೆದಿದ್ದೇನೆ. ಒಮ್ಮೆ ಒಬ್ಬ ಆಟಗಾರರು ಬಂದರು. ಮೇಜಿನ ಮೇಲೆ ಮೂರು ಬಣ್ಣದ ಶೂ ಇಟ್ಟಿದ್ದೆವು. ಅವರು ಒಂದನ್ನು ತೋರಿಸಿದರು, ಟೀ ಕುಡಿದರು, ಫೋಟೊ ತೆಗೆಸಿಕೊಂಡರು, ಹೊರಟರು. ಡಬ್ಬಿಯ ಮೇಲೆ ಮಾತ್ರ ಅವರೇ ವಿನ್ಯಾಸ ಮಾಡಿದ್ದು ಅಂತ ಅಚ್ಚಾಯಿತು. ಆ ಶೂ ಮಾಡಲು ಮೂರು ತಿಂಗಳು ಕೂತಿದ್ದ ಪ್ಯಾಟರ್ನ್ ಮಾಸ್ಟರ್ ಅದನ್ನು ನೋಡಿ ಏನೂ ಅನ್ನಲಿಲ್ಲ. ಅವರಿಗೆ ಅಭ್ಯಾಸವಾಗಿತ್ತು.

ಸ್ಕೇಟ್‌ಬೋರ್ಡಿಂಗ್‌ನಲ್ಲೂ ಹೀಗೆ ನಡೆಯುತ್ತದೆ. ಆದರೆ ಬೇರೆ ಆಟಗಳಿಗಿಂತ ಕಡಿಮೆ. ಯಾಕೆ ಅಂತ ಗೊತ್ತಾಗಬೇಕಾದರೆ ನಿಮ್ಮ ಮನೆಯ ಚಪ್ಪಲಿ ಸ್ಟ್ಯಾಂಡಿನಲ್ಲಿರುವ ಹಳೇ ಜೋಡಿಯನ್ನೇ ನೋಡಿ.

ಆಲಿ ಹೊಡೆಯುವಾಗ, ಅಂದರೆ ಕೈ ಹಚ್ಚದೆ ಬೋರ್ಡ್ ಸಮೇತ ಹಾರುವಾಗ, ಏನಾಗುತ್ತದೆ ಅಂತ ನಿಮಗೆ ಗೊತ್ತು, ಅಪ್ಪನಿಗೂ ಓದಲು ಕೊಡುತ್ತೀರೇನೋ ಅಂತ ಬರೆಯುತ್ತಿದ್ದೇನೆ. ಹಿಂದಿನ ಕಾಲು ಬೋರ್ಡಿನ ಬಾಲವನ್ನು ನೆಲಕ್ಕೆ ಬಡಿಯುತ್ತದೆ. ಅದೇ ಕ್ಷಣ ಮುಂದಿನ ಕಾಲಿನ ಹೊರ ಅಂಚು ಬೋರ್ಡನ್ನು ಉಜ್ಜುತ್ತಾ ಮೇಲಕ್ಕೆ ಎಳೆಯುತ್ತದೆ. ಬೋರ್ಡಿನ ಮೇಲೆ ಅಂಟಿಸಿರುವ ಗ್ರಿಪ್ ಟೇಪ್ ಅಂದರೆ ಬಡಗಿಯ ಉಪ್ಪು ಕಾಗದವೇ. ದಿನಕ್ಕೆ ನೂರು ಸಲ ಉಪ್ಪು ಕಾಗದದ ಮೇಲೆ ಶೂ ಉಜ್ಜಿದರೆ ಏನಾಗಬೇಕು? ಕಿರುಬೆರಳಿನ ಪಕ್ಕ ತೂತು ಬೀಳುತ್ತದೆ. ಲೇಸ್ ತುಂಡಾಗುತ್ತದೆ. ಹೊಲಿಗೆಯ ದಾರ ಸವೆದು, ಒಂದರ ಮೇಲೊಂದು ಕೂರಿಸಿದ ತುಂಡುಗಳು ಬಾಯಿ ಬಿಡುತ್ತವೆ. ದಿನಾ ಆಡುವವರ ಶೂ ಕೆಲವು ವಾರಗಳಲ್ಲೇ ಮುಗಿಯುತ್ತದೆ.

ಅಂದರೆ ಒಬ್ಬ ವೃತ್ತಿಪರ ಸ್ಕೇಟರ್ ಹತ್ತು ವರ್ಷದಲ್ಲಿ ನೂರಾರು ಜೋಡಿ ಶೂಗಳನ್ನು ಒಂದೇ ರೀತಿಯಲ್ಲಿ ಹಾಳು ಮಾಡಿರುತ್ತಾನೆ. ಯಾವ ಹೊಲಿಗೆ ಮೊದಲು ಹೋಯಿತು, ಯಾವ ಸ್ಯೂಡ್ (ಒರಟು ಮೈಯ ಮೆತ್ತನೆ ಚರ್ಮ) ತಡೆಯಿತು, ಯಾವ ಅಟ್ಟೆ ಹೊಸದರಲ್ಲಿ ಗಟ್ಟಿಯಿದ್ದು ಮೂರನೇ ದಿನ ಸರಿಹೋಯಿತು, ಎಲ್ಲವೂ ಅವನ ಕಾಲಿಗೆ ಗೊತ್ತು. ಕಂಪನಿಗಳು ಲ್ಯಾಬಿನಲ್ಲಿ ಸವೆತದ ಯಂತ್ರ ಇಟ್ಟುಕೊಂಡು ಮಾಡುವ ಪರೀಕ್ಷೆ ಅದು. ಡಿಸೈನ್ ಶಾಲೆಯಲ್ಲಿ ಇದಕ್ಕೆ ಪಾಠ ಇಲ್ಲ.

ಇದರ ಅತಿ ಚಂದದ ಉದಾಹರಣೆ ಸ್ಟೀವ್ ಕ್ಯಾಬಲೆರೊ ಅವರದು. ಕ್ಯಾಲಿಫೋರ್ನಿಯಾದ ಸ್ಯಾನ್ ಹೋಸೆಯ ವೃತ್ತಿಪರ ಸ್ಕೇಟರ್. 1989ರಲ್ಲಿ ವ್ಯಾನ್ಸ್ ಅನ್ನೋ ಶೂ ಕಂಪನಿ ಅವರ ಹೆಸರಿನಲ್ಲಿ ಒಂದು ಎತ್ತರದ ಶೂ ತಂದಿತು. ರ‍್ಯಾಂಪ್ ಮೇಲೆ ಆಡುವವರಿಗೆ ಕಾಲಿನ ಗಿಣ್ಣು ಮುಚ್ಚುವ ಶೂ ಬೇಕಿತ್ತು, ಸರಿ. ಆದರೆ ಅಷ್ಟರಲ್ಲಿ ಆಟ ರ‍್ಯಾಂಪ್ ಬಿಟ್ಟು ಬೀದಿಗೆ ಇಳಿದಿತ್ತು. ಬೀದಿಯಲ್ಲಿ ಬೋರ್ಡನ್ನು ತಿರುಗಿಸಿ ಒದೆಯಬೇಕು, ಗಿಣ್ಣು ಆಡಬೇಕು. ಹುಡುಗರು ಏನು ಮಾಡಿದರು ಗೊತ್ತಾ? ದುಡ್ಡು ಕೊಟ್ಟು ತಂದ ಶೂವಿನ ಮೇಲಿನ ಭಾಗವನ್ನು ಕತ್ತರಿಸಿ, ಅಂಚು ಬಿಚ್ಚಿಕೊಳ್ಳದಂತೆ ಟೇಪ್ ಸುತ್ತಿದರು. ಕ್ಯಾಬಲೆರೊ ಅದನ್ನು ನೋಡಿದರು, ತಮ್ಮ ಶೂವನ್ನೂ ಹಾಗೇ ಕತ್ತರಿಸಿಕೊಂಡರು, ಇದನ್ನೇ ಮಾಡಿಕೊಡಿ ಅಂತ ಕಂಪನಿಗೆ ಹೇಳಿದರು. 1992ರಲ್ಲಿ ಹಾಫ್ ಕ್ಯಾಬ್ ಬಂತು. ಹೆಸರಿನಲ್ಲೂ ಒಂದು ತಮಾಷೆ ಇದೆ. ಕ್ಯಾಬಲೆರೊ ಕಂಡುಹಿಡಿದ, ಗಾಳಿಯಲ್ಲಿ ಪೂರ್ತಿ ಒಂದು ಸುತ್ತು ತಿರುಗುವ ಟ್ರಿಕ್ಕಿಗೆ ಕ್ಯಾಬಲೆರಿಯಲ್ ಅಂತ ಹೆಸರು. ಅರ್ಧ ಸುತ್ತು ತಿರುಗಿದರೆ ಹಾಫ್ ಕ್ಯಾಬ್. ಟ್ರಿಕ್ಕೂ ಅರ್ಧ, ಶೂವೂ ಅರ್ಧ. ಮೂವತ್ತು ವರ್ಷ ದಾಟಿದರೂ ಅದು ಇನ್ನೂ ಮಾರಾಟದಲ್ಲಿದೆ.

ಇಲ್ಲಿ ಪೆನ್ಸಿಲ್ ಯಾರ ಕೈಯಲ್ಲಿತ್ತು? ಕ್ಯಾಬಲೆರೊ ಕೈಯಲ್ಲಿ ಇದ್ದದ್ದು ಕತ್ತರಿ. ನನ್ನ ಪ್ರಕಾರ ಅದೂ ವಿನ್ಯಾಸವೇ.

ಈಗ ಸ್ವಲ್ಪ ಕಾರ್ಖಾನೆಯ ವಿಷಯಕ್ಕೆ ಬರುತ್ತೇನೆ. ನೀವು ಈ ಕಡೆ ಬರುವುದೇ ಆದರೆ ಇದು ಬೇಕು. ಸ್ಕೇಟ್ ಶೂಗಳಲ್ಲಿ ಎರಡು ಮುಖ್ಯ ಜಾತಿ. ಒಂದು ವಲ್ಕನೈಸ್ಡ್, ಇನ್ನೊಂದು ಕಪ್‌ಸೋಲ್. ಶಾಲೆಯಲ್ಲಿ ಬ್ಲ್ಯಾಂಕೋ ಬಳಿದುಕೊಂಡು ಹೋಗುತ್ತಿದ್ದ ಬಿಳಿ ಪಿ.ಟಿ. ಶೂ ನೆನಪಿದೆಯಲ್ಲ, ಅದು ವಲ್ಕನೈಸ್ಡ್. ಕ್ಯಾನ್ವಾಸನ್ನು ಪಾದದ ಆಕಾರದ ಅಚ್ಚಿನ ಮೇಲೆ ಎಳೆದು ಕೂರಿಸಿ, ಕೆಳಗೆ ಹಸಿ ರಬ್ಬರಿನ ಅಟ್ಟೆ ಅಂಟಿಸಿ, ಸುತ್ತಲೂ ರಬ್ಬರಿನ ಪಟ್ಟಿ ಸುತ್ತಿ, ಇಡೀ ಶೂವನ್ನು ದೊಡ್ಡ ಕುಕ್ಕರಿನಂಥ ಪಾತ್ರೆಯಲ್ಲಿ ಸುಮಾರು ಒಂದು ಗಂಟೆ ಬೇಯಿಸುತ್ತಾರೆ. ಅದಕ್ಕೇ ಅಚ್ಚು ಪ್ಲಾಸ್ಟಿಕ್ಕಿನದಾಗಿದ್ದರೆ ನಡೆಯುವುದಿಲ್ಲ, ಅಲ್ಯುಮಿನಿಯಂ ಬೇಕು. ಬಿಸಿ ತಾಳದ ಬಟ್ಟೆ, ಫೋಮ್, ಅಂಟು ಯಾವುದನ್ನೂ ಹಾಕುವಂತಿಲ್ಲ. ಈ ಶೂಗಳು ಯಾವಾಗಲೂ ಕ್ಯಾನ್ವಾಸ್ ಮತ್ತು ಸ್ಯೂಡ್‌ನಲ್ಲೇ ಇರುತ್ತವೆ ಅಲ್ವಾ, ಅದಕ್ಕೆ ಫ್ಯಾಷನ್ನಿಗಿಂತ ಈ ಕುಕ್ಕರೇ ಹೆಚ್ಚು ಕಾರಣ.

ಕಪ್‌ಸೋಲ್‌ನಲ್ಲಿ ಅಟ್ಟೆಯನ್ನು ಬಟ್ಟಲಿನಂತೆ ಮೊದಲೇ ಎರಕ ಹೊಯ್ದು, ಶೂವಿನ ಮೇಲ್ಭಾಗವನ್ನು ಅದರೊಳಗೆ ಕೂರಿಸಿ ಅಂಟು ಹಾಕಿ, ಅಂಚಿಗೆ ಹೊಲಿಗೆ ಹಾಕುತ್ತಾರೆ. ಗಟ್ಟಿ, ದಪ್ಪ, ಬಾಳಿಕೆ ಜಾಸ್ತಿ. ಆದರೆ ಪ್ರತಿ ಅಳತೆಗೂ ಬೇರೆ ಮೋಲ್ಡ್ ಮಾಡಿಸಬೇಕು, ಅದರ ಖರ್ಚು ಕೇಳಿದರೆ ಹೊಸಬರು ಕುರ್ಚಿ ಹಿಡಿದುಕೊಳ್ಳುತ್ತಾರೆ. ವಲ್ಕನೈಸ್ಡ್‌ನಲ್ಲಿ ಪಾದಕ್ಕೆ ಬೋರ್ಡು ಚೆನ್ನಾಗಿ ಗೊತ್ತಾಗುತ್ತದೆ. ಎತ್ತರದಿಂದ ಹಾರಿದರೆ ಮಾತ್ರ ಹಿಮ್ಮಡಿಗೆ ಪೆಟ್ಟು.

ಎಷ್ಟು ಪೆಟ್ಟು? ಇದನ್ನು ಅಳೆದಿದ್ದಾರೆ. 2006ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಸ್ಕೇಟರ್‌ಗಳು ಸುಮಾರು 45 ಸೆಂಟಿಮೀಟರ್ ಎತ್ತರದ ಮರದ ಕಟ್ಟೆಯ ಮೇಲೆ ಆಲಿ ಹೊಡೆದು ಹತ್ತಿ, ಮತ್ತೆ ಆಲಿ ಹೊಡೆದು ಇಳಿದರು. ಇಳಿಯುವಾಗ ಬಿದ್ದ ಬಲ ಅವರ ದೇಹದ ತೂಕದ ನಾಲ್ಕೂವರೆ ಪಟ್ಟಿಗಿಂತ ಜಾಸ್ತಿ. 60 ಕಿಲೋ ತೂಕದವರ ಮೇಲೆ 270 ಕಿಲೋಗೂ ಮೀರಿದ ಹೊರೆ ಬಿದ್ದ ಲೆಕ್ಕ. ಅದೂ ಬರೀ ಮೊಣಕಾಲೆತ್ತರದ ಕಟ್ಟೆ. ಹತ್ತು ಮೆಟ್ಟಿಲು ಹಾರುವವರ ಗತಿ ನೀವೇ ಲೆಕ್ಕ ಹಾಕಿ.

ಈ ಪೆಟ್ಟನ್ನು ಸ್ವಂತ ಮೈಯಲ್ಲಿ ಅನುಭವಿಸಿ ಶೂ ಉದ್ಯಮಕ್ಕೆ ಬಂದವರು ಪಿಯರ್ ಆಂದ್ರೆ ಸೆನಿಜೆರ್ಗ್. ಫ್ರಾನ್ಸಿನವರು, ಎಂಜಿನಿಯರಿಂಗ್ ಓದಿದವರು, ಫ್ರೀಸ್ಟೈಲ್ ಸ್ಕೇಟಿಂಗ್‌ನಲ್ಲಿ ವಿಶ್ವ ಚಾಂಪಿಯನ್ ಆದವರು. ಬೆನ್ನು ಕೈಕೊಟ್ಟ ಮೇಲೆ ಆಟ ಬಿಟ್ಟು, ತಾವು ಆಡುತ್ತಿದ್ದ ಎಟ್ನೀಸ್ ಅನ್ನೋ ಫ್ರೆಂಚ್ ಬ್ರ್ಯಾಂಡನ್ನು ಅಮೆರಿಕದಲ್ಲಿ ಮಾರುವ ಹಕ್ಕು ಪಡೆದರು. ಶುರುವಿನ ಮಾದರಿಗಳಿಗೆ ತಾವೇ ಚಿತ್ರ ಬರೆದರು. ಆಮೇಲೆ ಆ ಬ್ರ್ಯಾಂಡನ್ನೇ ಕೊಂಡರು. ಕ್ಯಾಲಿಫೋರ್ನಿಯಾದಲ್ಲಿ ಸೋಲ್ ಟೆಕ್ನಾಲಜಿ ಅಂತ ಕಂಪನಿ ಕಟ್ಟಿ, ಸ್ಕೇಟ್ ಶೂಗಳಿಗೆಂದೇ ಒಂದು ಪ್ರಯೋಗಾಲಯ ತೆರೆದರು. ಅಪ್ಪನಿಗೆ ತೋರಿಸಲು ಇವರ ಹೆಸರು ಒಳ್ಳೆಯದು, ಎಂಜಿನಿಯರ್ ಅಂತ ಕೇಳಿದರೆ ಅಪ್ಪಂದಿರು ಸ್ವಲ್ಪ ಮೆತ್ತಗಾಗುತ್ತಾರೆ.

ಸ್ಕೇಟರ್ ಹೇಳಿದ್ದೆಲ್ಲ ಸರಿ ಅಂತಲೂ ತಿಳಿಯಬೇಡಿ. 1990ರ ದಶಕದ ಕೊನೆಗೆ ಈ ಶೂಗಳು ಹಲಸಿನ ಹಣ್ಣಿನಂತೆ ಊದಿಕೊಂಡವು. ಲೇಸಿನ ಕೆಳಗಿನ ನಾಲಿಗೆ ದಿಂಬಿನಷ್ಟು ದಪ್ಪ. ಸ್ಕೇಟರ್ ಚಾಡ್ ಮಸ್ಕಾ ಅವರ ಹೆಸರಿನ ಶೂವಿನ ನಾಲಿಗೆಯೊಳಗೆ ಗುಟ್ಟಿನ ಜೇಬು ಬೇರೆ ಇತ್ತು. ಅದರಲ್ಲಿ ಏನಿಡುತ್ತಿದ್ದರು ಅಂತ ಕೇಳಬೇಡಿ. ಇನ್ನೊಬ್ಬ ಸ್ಕೇಟರ್ ಡೇವ್ ಮೇಹ್ಯೂ ಅವರಿಗಾಗಿ ಒಸಿರಿಸ್ ಕಂಪನಿ ಮಾಡಿದ ಡಿ3 ನೋಡಿದರೆ ಶೂವೋ ಬಾಹ್ಯಾಕಾಶ ನೌಕೆಯೋ ಗೊತ್ತಾಗುತ್ತಿರಲಿಲ್ಲ. ಚೆನ್ನಾಗಿ ಮಾರಾಟವಾಯಿತು ಅನ್ನೋದು ಬೇರೆ ಮಾತು.

ಅದಕ್ಕೆ ತದ್ವಿರುದ್ಧವಾಗಿ 2009ರಲ್ಲಿ ನೈಕಿಯಿಂದ ಸ್ಕೇಟರ್ ಸ್ಟೆಫಾನ್ ಜನೋಸ್ಕಿ ಹೆಸರಿನ ಶೂ ಬಂತು. ತೆಳ್ಳಗಿನ ಅಟ್ಟೆ, ಕಡಿಮೆ ತುಂಡುಗಳು, ದೋಣಿಯಲ್ಲಿ ಹಾಕಿಕೊಳ್ಳುವ ಬೋಟ್ ಶೂವಿನ ಛಾಯೆ. ತಂತ್ರಜ್ಞಾನವನ್ನೇ ಬಂಡವಾಳ ಮಾಡಿಕೊಂಡ ಕಂಪನಿಗೆ ಹೋಗಿ, ನನಗೆ ಅದ್ಯಾವುದೂ ಬೇಡ, ಸಾದಾ ಶೂ ಕೊಡಿ ಅಂತ ಹಟ ಹಿಡಿದರು ಅವರು. ಆ ಶೂ ಬೋರ್ಡು ಮುಟ್ಟದ ಲಕ್ಷಾಂತರ ಜನರ ಕಾಲಿಗೂ ಹೋಯಿತು. ಹಾಗಾಗಿ ಒಬ್ಬ ಆಟಗಾರ ನಿಜವಾಗಿ ವಿನ್ಯಾಸ ಮಾಡಿದನಾ ಅಂತ ಅನುಮಾನ ಬಂದಾಗ, ಅವನು ಗೆರೆ ಎಳೆದನಾ ಅಂತ ನಾನು ನೋಡುವುದಿಲ್ಲ. ಯಾವುದಕ್ಕಾದರೂ ಬೇಡ ಅಂದನಾ, ಅವನ ಬೇಡ ಅನ್ನೋ ಮಾತು ಕಾರ್ಖಾನೆಯವರೆಗೆ ತಲುಪಿತಾ ಅಂತ ನೋಡುತ್ತೇನೆ.

ಇನ್ನು ನೀವು ಕೇಳಿದ ಕೀತ್ ಹಫ್ನೆಗಲ್. ಅವರ ದಾರಿ ಬೇರೆ. ನನಗೆ ಈ ಎಲ್ಲರಿಗಿಂತ ಹೆಚ್ಚು ಇಷ್ಟವಾಗುವುದು ಅದೇ.

ಹುಟ್ಟಿದ್ದು 1974ರಲ್ಲಿ, ನ್ಯೂಯಾರ್ಕಿನಲ್ಲಿ. ಬ್ರೂಕ್ಲಿನ್ ಸೇತುವೆಯ ಕೆಳಗಿನ ಇಟ್ಟಿಗೆ ಇಳಿಜಾರುಗಳಲ್ಲಿ, ಬ್ರೂಕ್ಲಿನ್ ಬ್ಯಾಂಕ್ಸ್ ಅನ್ನುತ್ತಾರೆ, ಆಡಿ ಬೆಳೆದವರು. 1992ರ ಹೊತ್ತಿಗೆ ಸ್ಯಾನ್ ಫ್ರಾನ್ಸಿಸ್ಕೊಗೆ ಬಂದರು. ಓದು ಒಂದು ನೆಪ, ಆಗ ಅಲ್ಲಿನ ಎಂಬಾರ್ಕಡೆರೊ ಚೌಕ ಬೀದಿ ಸ್ಕೇಟರ್‌ಗಳ ಕಾಶಿ. ರಿಯಲ್ ಅನ್ನೋ ಬೋರ್ಡ್ ಕಂಪನಿಗೆ ವೃತ್ತಿಪರರಾದರು. ಅವರ ಆಟದಲ್ಲಿ ಟ್ರಿಕ್ಕುಗಳ ಪಟ್ಟಿ ಉದ್ದವಿರಲಿಲ್ಲ. ವೇಗವಾಗಿ ಬರುವುದು, ಎತ್ತರಕ್ಕೆ ಆಲಿ ಹೊಡೆಯುವುದು, ಗಟ್ಟಿಯಾಗಿ ಇಳಿಯುವುದು. ಅಷ್ಟನ್ನೇ ಬೇರೆ ಯಾರಿಗೂ ಬರದಷ್ಟು ಚೆನ್ನಾಗಿ ಮಾಡುತ್ತಿದ್ದರು.

ಆಟಕ್ಕಾಗಿ ಊರೂರು ತಿರುಗುವಾಗ ಅವರಿಗೆ ಒಂದು ಚಟ. ಟೋಕಿಯೊದಲ್ಲಿ, ನ್ಯೂಯಾರ್ಕಿನಲ್ಲಿ ಸಿಕ್ಕ, ಬೇರೆಲ್ಲೂ ಸಿಗದ ಶೂ, ಟೀ ಶರ್ಟು, ಟೋಪಿ ತರುವುದು. ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಅಂಥವು ಸಿಗುವ ಅಂಗಡಿ ಇರಲಿಲ್ಲ. 2002ರಲ್ಲಿ ಆಗಿನ ಹೆಂಡತಿ ಆ್ಯನ್ ಫ್ರೀಮನ್ ಜೊತೆ ಸಟರ್ ಸ್ಟ್ರೀಟ್‌ನಲ್ಲಿ ಹಫ್ ಅಂತ ಸಣ್ಣ ಅಂಗಡಿ ತೆರೆದರು. ಜಾಗ ಟೆಂಡರ್‌ಲಾಯಿನ್, ಆ ಊರಿನ ಬಡ, ಒರಟು ಬಡಾವಣೆ. ಕಾಲ ಮಾತ್ರ ಅವರ ಕಡೆಗಿತ್ತು. ಅದೇ ವರ್ಷ ನೈಕಿ ತನ್ನ ಸ್ಕೇಟ್ ವಿಭಾಗ ಶುರು ಮಾಡಿತು. ಅಪರೂಪದ ಶೂಗಳಿಗಾಗಿ ಜನ ಅಂಗಡಿ ಮುಂದೆ ಸಾಲು ನಿಲ್ಲುವ ಕಾಲ ಆಗಷ್ಟೇ ಬರುತ್ತಿತ್ತು. 2004ರಲ್ಲಿ ಹಫ್ ಅಂಗಡಿಗೆಂದೇ ನೈಕಿ ಒಂದು ಡಂಕ್ ಶೂ ಮಾಡಿಕೊಟ್ಟಿತು. ಅದಕ್ಕೆ ಟೈ-ಡೈ ಬಟ್ಟೆ, ಅಂದರೆ ಗಂಟು ಕಟ್ಟಿ ಬಣ್ಣ ಹಾಕಿದ್ದು. ಹಿಪ್ಪಿಗಳ ಊರಾದ ಸ್ಯಾನ್ ಫ್ರಾನ್ಸಿಸ್ಕೊಗೆ ಅದಕ್ಕಿಂತ ಸರಿಯಾದ ಗುರುತು ಯಾವುದು?

ಈ ಅಂಗಡಿಯ ವರ್ಷಗಳ ಬಗ್ಗೆ ಸ್ವಲ್ಪ ನಿಧಾನವಾಗಿ ಯೋಚಿಸಿ. ಹಫ್ನೆಗಲ್ ಸೀದಾ ಹೋಗಿ ಬ್ರ್ಯಾಂಡ್ ಶುರು ಮಾಡಲಿಲ್ಲ. ಮೊದಲು ಬೇರೆಯವರ ಮಾಲು ಮಾರಿದರು. ಗಲ್ಲಾ ಪೆಟ್ಟಿಗೆಯ ಹಿಂದೆ ನಿಂತವರಿಗೆ ಯಾವ ಬಣ್ಣ ಮೂಲೆಯಲ್ಲಿ ಕೊಳೆಯಿತು, ಯಾವ ಅಳತೆ ಮೊದಲ ದಿನವೇ ಖಾಲಿಯಾಯಿತು, ಗಿರಾಕಿ ಕೈಯಲ್ಲಿ ಹಿಡಿದು ತಿರುಗಿಸಿ ಯಾವುದನ್ನು ವಾಪಸ್ ಇಟ್ಟ ಅನ್ನೋದು ತಿಳಿಯುತ್ತದೆ. ನಮ್ಮ ಚಿಕ್ಕಪೇಟೆಯ ಸೀರೆ ಅಂಗಡಿಯವರನ್ನು ಕೇಳಿ ನೋಡಿ, ಈ ವರ್ಷ ಯಾವ ಅಂಚು ಹೋಗುತ್ತೆ ಅಂತ ಯಾವ ಡಿಸೈನರ್‌ಗಿಂತ ಮೊದಲೇ ಹೇಳುತ್ತಾರೆ. ಅಂಗಡಿಯ ಹೆಸರಿನಲ್ಲಿ ಅಚ್ಚು ಹಾಕಿದ ಟೀ ಶರ್ಟು, ಟೋಪಿಗಳೇ ಹಫ್‌ನ ಮೊದಲ ಸ್ವಂತ ಮಾಲು. ಅದಕ್ಕೆ ದೊಡ್ಡ ಬಂಡವಾಳ ಬೇಡ. ಟೀ ಶರ್ಟಿಗೆ ಸ್ಕ್ರೀನ್ ಪ್ರಿಂಟ್ ಹಾಕುವುದು ತಿರುಪ್ಪೂರಿನಲ್ಲೂ ಒಂದೇ, ಕ್ಯಾಲಿಫೋರ್ನಿಯಾದಲ್ಲೂ ಒಂದೇ. ಕಷ್ಟವಿರುವುದು ಅದರ ಮೇಲೆ ಏನು ಹಾಕಬೇಕು, ಎಷ್ಟು ಮಾಡಬೇಕು, ಎಲ್ಲಿಗೆ ನಿಲ್ಲಿಸಬೇಕು ಅನ್ನೋದರಲ್ಲಿ.

ಶೂಗೆ ಕೈ ಹಾಕಿದ್ದು ಆಮೇಲೆ, 2010ರ ಆಸುಪಾಸಿನಲ್ಲಿ. ಅಷ್ಟರಲ್ಲಿ ಅವರು ಎರಡು ಕಡೆಯ ಅನುಭವವನ್ನೂ ನೋಡಿದ್ದರು. ಡಿವಿಎಸ್ ಕಂಪನಿಯಲ್ಲಿ ಅವರ ಹೆಸರಿನ ಶೂ ಬಂದಿತ್ತು, ಅಂದರೆ ಹೆಸರು ಕೊಟ್ಟು ಪಾಲು ಪಡೆಯುವ ಪದ್ಧತಿ ಗೊತ್ತಿತ್ತು. ಈಗ ಇನ್ನೊಬ್ಬ ಸ್ಕೇಟರ್ ಎದುರು ಕುಳಿತು ಅವನ ಹೆಸರಿನ ಶೂ ಮಾಡಿಕೊಡುವ ಸರದಿ ಇವರದು. ಹಾಗೆ ಬಂದವರಲ್ಲಿ ಡಿಲನ್ ರೀಡರ್ ಒಬ್ಬರು. ಆ ಹುಡುಗ ನೋಡಲು ಸಿನಿಮಾ ನಟನಂತಿದ್ದ. ಶರ್ಟನ್ನು ಪ್ಯಾಂಟಿನೊಳಗೆ ಸೇರಿಸಿ ಆಡುತ್ತಿದ್ದ. ಹಿಂದೆ ಗ್ರಾವಿಸ್ ಕಂಪನಿಯಲ್ಲಿ ಲೋಫರ್‌ನಂತೆ ಕಾಣುವ ಶೂ ಮಾಡಿಸಿಕೊಂಡಿದ್ದ. ಹಫ್‌ನಲ್ಲೂ ಅವನ ಹೆಸರಿನಲ್ಲಿ ಬಂದದ್ದು ನೀಳವಾದ, ಮದುವೆ ಮನೆಗೂ ಹಾಕಿಕೊಂಡು ಹೋಗಬಹುದಾದಂಥ ಶೂ. ಇಂಥದನ್ನು ದೊಡ್ಡ ಕಂಪನಿಯ ಮಾರ್ಕೆಟಿಂಗ್ ವಿಭಾಗ ಮೊದಲ ಮೀಟಿಂಗ್‌ನಲ್ಲೇ ತಳ್ಳಿಹಾಕುತ್ತಿತ್ತು ಅಂತ ನನ್ನ ಅನುಭವ ಹೇಳುತ್ತದೆ. ಡಿಲನ್ 2016ರಲ್ಲಿ, 28ನೇ ವಯಸ್ಸಿಗೇ ರಕ್ತದ ಕ್ಯಾನ್ಸರ್‌ನಿಂದ ತೀರಿಕೊಂಡರು.

ಆದರೆ ಹಫ್ ಹೆಸರನ್ನು ಊರೂರಿಗೆ ಕೊಂಡೊಯ್ದದ್ದು ಶೂವೂ ಅಲ್ಲ, ಶರ್ಟೂ ಅಲ್ಲ. ಕಾಲುಚೀಲ! ಗಾಂಜಾ ಎಲೆಯ ಚಿತ್ರವಿದ್ದ ಉದ್ದನೆಯ ಕಾಲುಚೀಲ, ಪ್ಲಾಂಟ್‌ಲೈಫ್ ಅಂತ ಹೆಸರು. ಅದನ್ನು ಹಾಕಿಕೊಂಡವರಲ್ಲಿ ಎಷ್ಟೋ ಜನ ಸ್ಕೇಟ್‌ಬೋರ್ಡ್ ಮುಟ್ಟಿದವರೇ ಅಲ್ಲ. ಈ ಉದ್ಯಮದಲ್ಲಿ ಇದು ಹೊಸದೇನಲ್ಲ. ವರ್ಷಗಟ್ಟಲೆ ತಲೆ ಕೆಡಿಸಿಕೊಂಡು ಮಾಡಿದ ಶೂ ಲೆಕ್ಕ ಸರಿದೂಗಿಸಿದರೆ ಸಾಕು ಅನ್ನುವಂತಿರುತ್ತದೆ, ಪಕ್ಕದಲ್ಲಿ ತೂಗುಹಾಕಿದ ಕಾಲುಚೀಲ ಅಂಗಡಿ ಬಾಡಿಗೆ ಕಟ್ಟುತ್ತದೆ.

2017ರಲ್ಲಿ ಜಪಾನಿನ ಟಿಎಸ್‌ಐ ಹೋಲ್ಡಿಂಗ್ಸ್, ಹಫ್ ಕಂಪನಿಯ ಬಹುಪಾಲನ್ನು ಕೊಂಡುಕೊಂಡಿತು. ಹಫ್ನೆಗಲ್ 2020ರ ಸೆಪ್ಟೆಂಬರ್‌ನಲ್ಲಿ ಮೆದುಳಿನ ಕ್ಯಾನ್ಸರ್‌ನಿಂದ ತೀರಿಕೊಂಡಾಗ ಅವರಿಗೆ ಬರೀ 46. ಎರಡು ವರ್ಷದ ನಂತರ ನೈಕಿ ಮತ್ತೆ ಹಫ್ ಹೆಸರಿನಲ್ಲಿ ಟೈ-ಡೈ ಡಂಕ್ ತಂದಿತು. ಒಂದು ನ್ಯೂಯಾರ್ಕಿಗೆ, ಒಂದು ಸ್ಯಾನ್ ಫ್ರಾನ್ಸಿಸ್ಕೊಗೆ.

ಈಚಿನ ಮಾತು ಬೇಕಾದರೆ ಲೂಸಿಯನ್ ಕ್ಲಾರ್ಕ್ ಇದ್ದಾರೆ. ಜಮೈಕಾದಲ್ಲಿ ಹುಟ್ಟಿ ಲಂಡನ್ನಿನಲ್ಲಿ ಬೆಳೆದ ಸ್ಕೇಟರ್. ಡಿಸೈನರ್ ವರ್ಜಿಲ್ ಆಬ್ಲೊ, ದುಬಾರಿ ಫ್ಯಾಷನ್ ಕಂಪನಿಯಾದ ಲೂಯಿ ವಿಟಾನ್‌ನ ಪುರುಷರ ವಿಭಾಗ ನೋಡಿಕೊಳ್ಳುತ್ತಿದ್ದಾಗ, 2020ರಲ್ಲಿ ಇವರ ಹೆಸರಿನಲ್ಲಿ ಆ ಕಂಪನಿಯ ಮೊದಲ ಸ್ಕೇಟ್ ಶೂ ಹೊರಬಂತು. ಬೆಲೆ ನೋಡಿದರೆ ಅದರಲ್ಲಿ ಆಲಿ ಹೊಡೆಯಲು ಯಾರಿಗೂ ಮನಸ್ಸು ಬರುವುದಿಲ್ಲ. ಕ್ಲಾರ್ಕ್ ಮಾತ್ರ ಹೊಡೆದರು.

ಈಗ ನಿಮ್ಮ ವಿಷಯ. ಡಿಸೈನ್ ಶಾಲೆಯಲ್ಲಿ ಇದ್ದೀರಿ, ಅದನ್ನು ಬಿಡಬೇಡಿ. ಇವರೆಲ್ಲ ಓದದೆ ಮಾಡಿದರು ಅನ್ನೋದು ಪೂರ್ತಿ ನಿಜ ಅಲ್ಲ. ಅವರ ಪಕ್ಕದಲ್ಲಿ ಓದಿದವರು, ಅಚ್ಚು ಕೆತ್ತುವವರು, ಪ್ಯಾಟರ್ನ್ ಮಾಸ್ಟರ್‌ಗಳು ಕೂತಿದ್ದರು. ಅಚ್ಚಿನ ತುದಿ ಮೂರು ಮಿಲಿಮೀಟರ್ ಎತ್ತರಿಸಿದರೆ ಶೂವಿನ ಮುಖವೇ ಬದಲಾಗುತ್ತದೆ. ಅದು ಸ್ಕೇಟರ್‌ಗೆ ಕಾಲಲ್ಲಿ ಗೊತ್ತಾಗಬಹುದು, ಹೇಳಲು ಭಾಷೆ ಇರುವುದಿಲ್ಲ. ನಿಮಗೆ ಎರಡೂ ಇದ್ದರೆ ಮಧ್ಯದವರು ಬೇಡ. ಆಂಬೂರು, ರಾಣಿಪೇಟೆ ಬೆಂಗಳೂರಿನಿಂದ ಅರ್ಧ ದಿನದೊಳಗಿನ ದಾರಿ. ಚರ್ಮದ, ಶೂವಿನ ಕಾರ್ಖಾನೆಗಳು ಸಾಲಾಗಿ ಇವೆ. ರಜೆಯಲ್ಲಿ ಒಂದು ಸ್ಯಾಂಪಲ್ ರೂಮಿನಲ್ಲಿ ಕೆಲಸ ಕಲಿಯಲು ಕೇಳಿ. ಮೊದಲ ವಾರ ನೂಲು ಕತ್ತರಿಸಲು ಕೂರಿಸುತ್ತಾರೆ. ಬೇಜಾರು ಮಾಡಿಕೊಳ್ಳಬೇಡಿ, ಎಲ್ಲರನ್ನೂ ಅಲ್ಲೇ ಕೂರಿಸುತ್ತಾರೆ.

ಬಟ್ಟೆಯಿಂದ ಶುರು ಮಾಡುವ ಆಸೆಯಿದ್ದರೆ ಹಫ್ನೆಗಲ್ ಕ್ರಮವೇ ಒಳ್ಳೆಯದು. ಐವತ್ತು ಟೀ ಶರ್ಟು, ಗೊತ್ತಿರುವವರಿಗೆ ಮಾರಿ. ಬೆಂಗಳೂರಿನಲ್ಲಿ ಆಡುವವರು ಕಡಿಮೆ, ಆದರೆ ಒಬ್ಬರಿಗೊಬ್ಬರು ಗೊತ್ತು. ಹೋಲಿಸ್ಟೋಕ್ಡ್‌ ಅನ್ನೋ ಸ್ಕೇಟರ್ ಗುಂಪಿನವರು ಸಿಮೆಂಟ್ ಕಲಸಿ ತಾವೇ ಸ್ಕೇಟ್‌ಪಾರ್ಕ್ ಕಟ್ಟಿದ ಊರು ಇದು. ಇಲ್ಲಿ ಐವತ್ತು ಖಾಲಿಯಾಗಲಿಲ್ಲ ಅಂದರೆ ಶೂವಿನ ಮೋಲ್ಡಿಗೆ ಅಪ್ಪನ ಹತ್ತಿರ ದುಡ್ಡು ಕೇಳಬೇಡಿ.

ಅದಕ್ಕೂ ಮೊದಲು ಇನ್ನೊಂದು ಕೆಲಸ. ಹಳೇ ಶೂಗಳನ್ನು ಎಸೆಯಬೇಡಿ, ಎಸೆದಿದ್ದರೆ ಇವತ್ತಿನಿಂದ ಇಟ್ಟುಕೊಳ್ಳಿ. ಪ್ರತಿ ಜೋಡಿಗೂ ಒಂದು ಚೀಟಿ ಕಟ್ಟಿ: ಕೊಂಡ ದಿನ, ಮೊದಲ ತೂತು ಬಿದ್ದ ದಿನ, ಯಾವ ಟ್ರಿಕ್ಕು, ಯಾವ ಹೊಲಿಗೆ. ಎಡಗಾಲು ಮುಂದಿಟ್ಟು ಆಡುವವರಾದರೆ ಎಡ ಶೂ ಮೊದಲು ಹೋಗುತ್ತದೆ, ಬಲಗಾಲಾದರೆ ಬಲ. ಹತ್ತು ಜೋಡಿ ಆದ ಮೇಲೆ ಸಾಲಾಗಿ ಜೋಡಿಸಿ ಮೇಲಿನಿಂದ ಒಂದು ಫೋಟೊ ತೆಗೆದು ನನಗೆ ಕಳಿಸಿ. ನೀವು ಎಲ್ಲಿ ತೇಪೆ ಹಾಕಿದ್ದೀರಿ ಅಂತ ನೋಡುವ ಕುತೂಹಲ ನನಗೂ ಇದೆ.